ತೆರೆದ ಕಣ್ಣಿನ ಫೋಟೊ

ರಿಟೈರ್ ಆದ ಮ್ಯಾಲ ಸುದ್ದಾ ಮಂದಿ ನನ್ನ ಬಿಟ್ಟಿಲ್ಲ ನೋಡ್ರಿ. ಬೀದರದ ಮಾರ್ಕೆಟ್‌ದಾಗ ಮೆಂತ್ಯಪಲ್ಯ ಆರಸ್ಲಿಕತ್ತಿದ್ರ ಯಾರರೆ ಬಂದು ಮಾರಿ ಮುಂದ ಮೊಬೈಲ್ ಹಿಡೀತಾರ. "ಸರೋಜಾಬಾಯಿ, ಈ ಫೋಟೊ ಖರೆನೋ ಸುಳ್ಳೋ ಜರಾ ಹೇಳ್ರಿ." ನಾನೇನು ಕವಡಿ ಹಾಕಿ ಹೇಳಾಕಿ ಏನು? "ನಿನಗ ಯಾರು ಕಳಿಸ್ಯಾರ ಮೊದಲ ಹೇಳು" ಅಂತೇನಿ. "ಗ್ರೂಪ್‌ನಾಗ ಬಂತ್ರಿ" ಅಂತಾರ. ಗ್ರೂಪೇನು ಫೋಟೊ ಹಡೀತದೇನು? ಯಾರೋ ಒಬ್ರು ಹಾಕಿರಬೇಕಲ್ಲ. ಅಷ್ಟು ಅಂದ್ರ ಸಾಕು, ಮೊಬೈಲ್ ಕಿಸೆದಾಗ ಇಟ್ಕೊಂಡು ಹೋಗ್ತಾರ.

ಈಗ ಈ ಕೆಲಸಕ್ಕ ಹೊಸ ಹುಡುಗ್ರು, ಹುಡುಗ್ಯಾರು ಬರ್ಲಿಕತ್ತಾರ. ಆನ್‌ಲೈನ್‌ದಾಗ ಸಿಕ್ಕ ಫೋಟೊ ಅಸಲಿನೋ ನಕಲಿನೋ ನೋಡೋದೇ ಒಂದು ನೌಕರಿ ಆಗ್ಯಾದ. ಅಂಥಾ ಹುಡುಗಿ ಒಬ್ಬಾಕಿ ಮನಿಗೆ ಬಂದು, "ಮೇಡಮ್, ನೀವು ಯಾವ ಆ್ಯಪ್ ಬಳಸ್ತಿದ್ರಿ?" ಅಂತ ಕೇಳಿದ್ಳು. "ಬಸ್ಸು" ಅಂದೆ. ಆಕಿ ಅದನ್ನೂ ಬರಕೊಂಡ್ಳು, ಪಾಪ. ಆಕಿ ಸಲುವಾಗೇ ಇದಿಷ್ಟು ಬರೀಲಿಕತ್ತೀನಿ. ಪ್ರಮೋಷನ್ ಯಾವಾಗ ಬಂತು, ಸನ್ಮಾನಕ್ಕ ಯಾರು ಶಾಲು ಹೊದಿಸಿದ್ರು, ಅದೆಲ್ಲಾ ಬಿಡ್ರಿ. ಶಾಲು ಪೆಟ್ಟಿಗ್ಯಾಗ ಅವ.

ನಾ ಒಂದು ಪೇಪರಿನ ಬೀದರ ಕಚೇರ್ಯಾಗ ಫೋಟೊ ನೋಡಕೊಳ್ಳಾಕಿ. ಮೊದಲ ಅದು ಸುಖದ ಕೆಲಸ. ಭಾಲ್ಕಿಯಿಂದ, ಔರಾದದಿಂದ ಫೋಟೊ ಲಕೋಟ್ಯಾಗ ಬಸ್ ಕಂಡಕ್ಟರ್ ಕೈಯಾಗ ಬರ್ತಿದ್ವು. ತಗದವ ಯಾರು ಅಂತ ಗೊತ್ತಿರ್ತಿತ್ತು, ಅವನ ಅಪ್ಪ ಯಾರು ಅಂತನೂ ಗೊತ್ತಿರ್ತಿತ್ತು. ಸುಳ್ಳು ಫೋಟೊ ಕಳಿಸಿದ್ರ ಮರುದಿನ ಬಸ್ ಸ್ಟ್ಯಾಂಡ್‌ನಾಗ ಸಿಕ್ಕೇ ಸಿಗ್ತಿದ್ದ. ಆಮ್ಯಾಲ ಮೊಬೈಲ್ ಬಂತು. ಎಲ್ಲಿಂದೆಲ್ಲಿಂದೋ ಫೋಟೊ ಬರ್ಲಿಕ್ಕ ಚಾಲೂ ಆದ್ವು, ತಗದವ ಯಾರು ಅಂತ ಯಾರಿಗೂ ಮಾಲೂಮ್ ಇಲ್ಲ.

ನಮ್ಮ ಕಚೇರಿ ನಡಸೋರು ದೇಶಮುಖ ಸಾಹೇಬ್ರು. ಅವರ ಮನ್ಯಾಗ ಮರಾಠಿ, ಓಣ್ಯಾಗ ಕನ್ನಡ. ಕನ್ನಡದಾಗ ಬರೀತಿದ್ರು, ಮರಾಠ್ಯಾಗ ಬೈತಿದ್ರು, ಖುಷಿ ಆದ್ರ ಉರ್ದುದಾಗ ಹೊಗಳ್ತಿದ್ರು. ಅವರು ಉರ್ದು ಮಾತಾಡಿದ್ದು ಭಾಳ ಕಡಿಮಿ. ಅವರು ಕಲಿಸಿದ್ದು ಒಂದೇ ಮಾತು: "ಸರೋಜಾ, ಫೋಟೊನ್ನ ಆಮ್ಯಾಲ ನೋಡು, ಅದು ಬಂದ ದಾರಿ ಮೊದಲ ನೋಡು." ಹಂಗಂತ ನಾ ದಿನಾ ಫೋನ್ ಹಿಡಕೊಂಡು ಕುಂದರ್ತಿದ್ದೆ. ನಿಮಗ್ಯಾರು ಕಳಿಸ್ಯಾರ್ರಿ? ಅವರಿಗ್ಯಾರು ಕಳಿಸ್ಯಾರ್ರಿ? ಒಬ್ಬರ ಕಡಿಂದ ಇನ್ನೊಬ್ಬರ ಕಡಿ ಹಿಂದಕ್ಕ ಹಿಂದಕ್ಕ ಹೋಗಿ ತಗದವನ ಮನಿ ಬಾಗಲಾ ಮುಟ್ಟೋದು. ಅರ್ಧ ಮಂದಿ ಬೈದು ಫೋನ್ ಇಡ್ತಿದ್ರು. ಇಡ್ಲಿ, ಮತ್ತ ಹಚ್ತಿದ್ದೆ.

ಇನ್ನೊಂದು ಮಾತು ಮಂದಿಗೆ ಹೇಳಿ ಹೇಳಿ ನನ್ನ ಗಂಟಲಾ ಹರದದ. ಫೋಟೊ ಸಾದಾ ಕಳಿಸಬ್ಯಾಡ್ರಿ, ಡಾಕ್ಯುಮೆಂಟ್ ಮಾಡಿ ಕಳಸ್ರಿ. ಸಾದಾ ಕಳಿಸಿದ್ರ ದಾರ್ಯಾಗ ಅದು ಸೊರಗ್ತದ, ಯಾವ ಫೋನಿನದು, ಯಾವಾಗಿನದು ಅನ್ನೋ ಸುದ್ದಿ ಎಲ್ಲಾ ಉದುರಿ ಹೋಗ್ತದ. ಡಾಕ್ಯುಮೆಂಟ್ ಆದ್ರ ಹೆಂಗಿತ್ತೋ ಹಂಗೇ ಬರ್ತದ. "ಹೂಂ ಬಾಯಿ, ಹೂಂ" ಅಂತ ಗೋಣು ಹಾಕಿ ಸಾದಾನೇ ಕಳಿಸ್ತಿದ್ರು.

ಈ "ಯಾವಾಗಿನದು" ಅನ್ನೋದ್ರ ಮ್ಯಾಲ ಸಾಹೇಬ್ರಿಗೆ ಒಂದು ಕಾಲಕ್ಕ ಭಾಳ ಮೋಹ ಬಂದಿತ್ತು. ಫೈಲಿನಾಗ ತಾರೀಖು ಇರ್ತದಂತ ಗೊತ್ತಾದ ಹೊಸದ್ರಾಗ ಎಲ್ಲಾದಕ್ಕೂ ಅದೇ ಔಷಧ. ಒಂದಿನ ಕಮಠಾಣದಿಂದ ಆಲಿಕಲ್ಲು ಮಳಿ ಫೋಟೊ ಬಂತು, ಅಪರೂಪಕ್ಕ ಡಾಕ್ಯುಮೆಂಟ್ ಆಗೇ. ಅಂಗಳ ತುಂಬ ಬೆಳ್ಳಗ ಹಾಸಿತ್ತು. ಸಾಹೇಬ್ರು ಫೈಲ್ ತೆರೆದು ನೋಡಿದ್ರು, ತಾರೀಖು ಎಷ್ಟೋ ವರ್ಷದ ಹಿಂದಿಂದು. "ಹಳೇ ಫೋಟೊ ಕಳಿಸಿ ನಮ್ಮನ್ನ ಉಲ್ಲೂ ಮಾಡ್ತಾನೇನು?" ಅಂತ ಕಿತ್ತು ಒಗೆದ್ರು. ಮರುದಿನ ಫೋಟೊ ತಗದ ರೈತನೇ ಕಚೇರಿಗೆ ಬಂದ. ಮಾತಿಲ್ಲ ಕತಿಯಿಲ್ಲ, ಮೊಬೈಲ್ ತಗದು ಸಾಹೇಬ್ರ ಟೇಬಲ್ ಮ್ಯಾಲ ಇಟ್ಟ. "ಇದ್ರ ಬ್ಯಾಟ್ರಿ ತಗದು ಹಾಕಿದ್ರ ತಾರೀಖು ಹಿಂದಕ್ಕ ಓಡ್ತದ್ರಿ. ಇದು ಇನ್ನಾ ಹಳೇ ವರ್ಷದಾಗೇ ಅದ. ಆದ್ರ ನನ್ನ ಮನಿ ಮ್ಯಾಲಿನ ತಗಡು ನಿನ್ನೇನೇ ತೂತು ಬಿದ್ದಾವ. ಬಂದು ನೋಡ್ತೀರೋ, ಇಲ್ಲಾ ತಗಡೂ ಇಲ್ಲಿಗೇ ತರಲೋ?"

ಸಾಹೇಬ್ರು ಎದ್ದು ನಿಂತು, "ಬರೋಬರ್ ಅದರಿ ನಿಮ್ದು" ಅಂದು ಅವನಿಗೆ ತಮ್ಮ ಕುರ್ಚಿ ಕೊಟ್ಟು ಚಾ ತರಿಸಿದ್ರು. ಆ ಫೋಟೊ ಮರುದಿನ ಮೊದಲ ಪುಟದಾಗ ಬಂತು. ಅವತ್ತಿಂದ ತಾರೀಖು ನೋಡಿದ್ರ ಅದನ್ನ ಹಾಕಿದ ಫೋನ್ ಯಾವುದು ಅಂತನೂ ಕೇಳ್ತಿದ್ರು.

ಡಾಬಕಾದ ಮಾತು ಕೇಳ್ರಿ. ಔರಾದ ತಾಲೂಕಿನ ಊರು, ಮಹಾರಾಷ್ಟ್ರದ ಗಡಿಗೆ ಹತ್ತಿರ. ಅಲ್ಲಿ ಹೊಸ ನೀರಿನ ಟಾಕಿ ಉದ್ಘಾಟನಿ ದಿನಾನೇ ಸೋರ್ಲಿಕ್ಕ ಚಾಲೂ ಆಗ್ಯಾದ. ಟಾಕಿ ಕೆಳಗ ಮಂದಿ ಛತ್ರಿ ಹಿಡಕೊಂಡು ನಿಂತ ಫೋಟೊ ಬಂತು, ಭಾಳ ಮಜಾ ಇತ್ತು. ದಕ್ಷಿಣದಾಗಿನ ನಮ್ಮ ದೊಡ್ಡ ಕಚೇರಿಯವರು, "ಹಿಂದೆ ಕಾಣೋ ಅಂಗಡಿ ಬೋರ್ಡು ಮರಾಠಿ. ಇದು ಮಹಾರಾಷ್ಟ್ರದ ಫೋಟೊ, ತೆಗೀರಿ" ಅಂದ್ರು. ಸಾಹೇಬ್ರು ಫೋನ್‌ನಾಗ, "ಆ ಲೆಕ್ಕದಾಗ ನಮ್ಮನಿ ಅಡಗಿಮನಿ ಸುದ್ದಾ ಮಹಾರಾಷ್ಟ್ರದಾಗ ಅದರಿ" ಅಂದ್ರು. ಅವರಿಗೆ ತಿಳೀಲಿಲ್ಲ. ಕಡೀಕ ನಾನೇ ಬಸ್ ಹತ್ತಿ ಡಾಬಕಾಕ್ಕ ಹೋಗಿ, ಆ ಬೋರ್ಡಿನ ಮುಂದ ನಿಂತು, ಟಾಕಿ ಕಾಣೋ ಹಂಗ ವಿಡಿಯೊ ಕಾಲ್ ಹಚ್ಚಿದೆ. ಸುತ್ತ ಮಂದಿ ಕೂಡಿತು. ಒಬ್ಬ ಮುದುಕ ಇನ್ನೊಬ್ಬನಿಗೆ ಹೇಳ್ಲಿಕತ್ತಿದ್ದ, "ನಮ್ಮೂರು ಖರೆ ಅದನೋ ಇಲ್ಲೋ ನೋಡ್ಲಿಕ್ಕ ಬೀದರದಿಂದ ಬಾಯಿ ಬಂದಾಳಂತ." ಖರೆನೇ ಅದ ಮಾರಾಯ ಅಂತ ಹೇಳಿ ಬಂದೆ.

ಇವೆಲ್ಲಾ ನೆನಸಿ ನಾ ಈಗೂ ನಗ್ತೇನಿ. ಕೆಲಸ ನನಗ ಪಸಂದ ಇತ್ತು, ಸುಳ್ಳ್ಯಾಕ ಹೇಳಲಿ. ಆದ್ರ ಕಡೀ ಕಡೀಕ ಒಂದು ಹೊಸ ತಕಲೀಫ್ ಬಂತು. ಮೊದಲ ಖರೆ ಫೋಟೊಕ್ಕ ಸುಳ್ಳು ಮಾತು ಹಚ್ತಿದ್ರು. ಎಲ್ಲಿದೋ ಫೋಟೊ, ಎಲ್ಲಿದೋ ಹೆಸರು. ಅದನ್ನ ಹಿಡಿಯೋದು ಸಲೀಸು. ಈಗ ಮಾರಿನೇ ಮಾಡಿಕೊಡೋ ಯಂತ್ರ ಬಂದಾವ. ಅಜ್ಜನ ಮಾಸಿದ ಫೋಟೊ ಹಾಕಿದ್ರ ನಿನ್ನೆ ಸ್ಟುಡಿಯೋಕ್ಕ ಹೋಗಿ ಬಂದವರ ಹಂಗ ಅಜ್ಜ ಹೊರಗ ಬರ್ತಾನ. ಮನಿಮಂದಿ ಕಣ್ಣೀರು ಹಾಕ್ತಾರ. ಆ ಮೂಗು ಅಜ್ಜಂದಲ್ಲ, ಯಂತ್ರದ ಅಂದಾಜು ಅಂತ ಹೇಳಿದ್ರ ನಮ್ಮ ಮ್ಯಾಲೇ ಸಿಟ್ಟು ಆಗ್ತಾರ.

ಇಂಥಾ ಕಾಲಕ್ಕ ಮಾರ್ಥಮ್ಮ ಬಂದ್ರು.

ನಮ್ಮ ಪೇಪರಿನಾಗ ರವಿವಾರಕ್ಕೊಂದು ಹಳೇ ಫೋಟೊ ಹಾಕ್ತಿದ್ವಿ. ಮಂದಿ ತಮ್ಮ ಮನ್ಯಾಗಿಂದು ಕಳಿಸ್ತಿದ್ರು, ನಾ ನೋಡಿ ಪಾಸ್ ಮಾಡಿದ್ರ ಹಾಕೋದು. ಮಾರ್ಥಮ್ಮ ಭಾಲ್ಕಿಯವರು, ರಿಟೈರ್ಡ್ ನರ್ಸ್, ನಮ್ಮ ಹಂಗೇ ಮೆಥೋಡಿಸ್ಟ್ ಚರ್ಚಿನ ಮಂದಿ. ವಯಸ್ಸು ಎಪ್ಪತ್ತು ದಾಟಿ ಭಾಳ ದಿನ ಆಗಿತ್ತು. ಆದ್ರ ದನಿ ಇನ್ನಾ ವಾರ್ಡ್‌ನಾಗ ಕೂಗೋ ದನಿ. ಟವೆಲ್‌ದಾಗ ಸುತ್ತಿದ್ದ ಕಟ್ಟು ಹಾಕಿದ ಫೋಟೊ ಒಂದು ಎದಿಗೆ ಹಿಡಕೊಂಡು ಬಂದ್ರು. ಬಿಚ್ಚಿ ತೋರಿಸಿದ್ರು, ಕೈಗೆ ಕೊಡಲಿಲ್ಲ.

"ನಮ್ಮವ್ವರಿ" ಅಂದ್ರು.

ಒಬ್ಬಾಕಿ ಸಣ್ಣ ವಯಸ್ಸಿನ ಹೆಣಮಗಳು ದಿಂಬಿನ ಮ್ಯಾಲ ಮಕ್ಕೊಂಡಾಳ. ಮಾರಿ ಬಲ್ಲಿ ಒಂದು ಕೂಸಿನ ಮಾರಿ. ಅವ್ವ ಕಣ್ಣರಳಿಸಿ ಕೂಸಿನ್ನೇ ನೋಡ್ಲಿಕತ್ತಾಳ, ತುಟಿ ಮ್ಯಾಲ ಜರಾ ನಗಿ. "ನಮ್ಮವ್ವ ಮತ್ತ ನಾ. ಮಿಷನ್ ದವಾಖಾನ್ಯಾಗ, ನಾ ಹುಟ್ಟಿದ ದಿನ. ಅಷ್ಟು ಬರದು ಹಾಕ್ರಿ" ಅಂದ್ರು. ಎಲ್ಲಿ ಸಿಕ್ತು ಅಂತ ಕೇಳ್ದೆ. ಚರ್ಚಿನ ಗ್ರೂಪ್‌ನಾಗ ಬಂತಂತ, ಔರಾದದಾಗಿರೋ ಅವರ ಸೋದರತ್ತಿ ಮಗ ಸ್ಯಾಮ್ಯುಯೆಲ್ ಹಾಕಿದ್ದಂತ.

ನಾ ಇನ್ನಾ ಏನೋ ಕೇಳೋದ್ರಾಗ ಅವರೇ ಕುರ್ಚಿ ಎಳಕೊಂಡು ಕುಂತ್ರು.

"ನಾ ಹುಟ್ಟಿದ್ದು, ಅವ್ವ ಹೋಗಿದ್ದು ಒಂದೇ ಘಳಿಗಿ ಅಂತ ನಮ್ಮತ್ತಿ ಹೇಳ್ತಿದ್ದಳ್ರಿ. ನಿನ್ನ ಮಾರಿ ಸುದ್ದಾ ನೋಡಲಿಲ್ಲ ನಿಮ್ಮವ್ವ, ಹಂಗೇ ಕಣ್ಣು ಮುಚ್ಚಿದ್ಳು ಅಂತ. ಆ ಅತ್ತಿನೇ ನನ್ನ ಸಾಕಿದಾಕಿ. ಉಣಲಿಕ್ಕ ಹಾಕ್ತಿದ್ಳು, ಹಾಕೋ ಮುಂದ ಅವ್ವನ್ನ ತಿಂದು ಹುಟ್ಟಿದಾಕಿ ಅಂತಿದ್ಳು. ಅಪ್ಪ ಇನ್ನೊಂದು ಮದಿವಿ ಆಗಿ ದೂರ ಹೋದ. ಅವನ ಬಾಯಾಗಿಂದ ಅವ್ವನ ಮಾತು ಒಂದಿನ ಬರಲಿಲ್ಲ. ನಾ ನರ್ಸ್ ಆದ ಮ್ಯಾಲ ಏನು ಮಾಡ್ತಿದ್ದೆ ಗೊತ್ತದೇನು? ಕೂಸು ಹುಟ್ಟಿದ ಕೂಡ್ಲೆ, ಮೈ ಒರಸೋಕಿಂತ ಮೊದಲ, ತಾಯಿ ಕಣ್ಣ ಮುಂದ ಹಿಡೀತಿದ್ದೆ. ನೋಡವಾ ನೋಡು ಅಂತಿದ್ದೆ. ಡಾಕ್ಟರಮ್ಮ ಬೈತಿದ್ರು. ಬೈಲಿ ಬಿಡ್ರಿ. ಯಾರ ಕೂಸಿಗೂ ನನ್ನ ಹಂಗ ಆಗಬಾರದು." ಫೋಟೊದ ಮ್ಯಾಲ ಕೈಯಾಡಿಸಿದ್ರು. "ಈಗ ನೋಡ್ರಿ, ನಮ್ಮವ್ವ ನನ್ನ ನೋಡ್ಯಾಳ."

ಫೋಟೊ ಭಾಳ ಛಂದ ಇತ್ತು. ಅಷ್ಟು ಛಂದ ಇದ್ರ ನನಗ ಹೆದರಿಕಿ. ಫೈಲ್ ಕಳಸ್ರಿ, ನೋಡಿ ಹೇಳ್ತೇನಿ ಅಂದೆ.

ಅವರು ಹೋದ ಮ್ಯಾಲ ಕಂಪ್ಯೂಟರ್‌ನಾಗ ದೊಡ್ಡದು ಮಾಡಿ ನೋಡ್ದೆ. ಮೊದಲ ಕಣ್ಣು. ಫೋಟೊ ತಗಿಯೋ ಮುಂದ ಬೆಳಕು ಎಲ್ಲಿಂದ ಬರ್ತದೋ ಅದರ ಚುಕ್ಕಿ ಕಣ್ಣಾಗ ಬೀಳ್ತದ. ಕೂಸಿನ ಕಣ್ಣಾಗ ಚುಕ್ಕಿ ಮ್ಯಾಲಿತ್ತು, ಅಂದ್ರ ಬಯಲಾಗಿನ ಆಕಾಶ. ಅವ್ವನ ಕಣ್ಣಾಗ ನಟ್ಟನಡು ಗುಂಡಗ ಬಳಿ ಹಂಗ ಬಿದ್ದಿತ್ತು. ಅದು ಈಗಿನ ಹುಡುಗ್ಯಾರು ವಿಡಿಯೊ ಮಾಡೋ ಮುಂದ ಹಚ್ಕೊಳ್ಳೋ ಗುಂಡನ ದೀಪದ್ದು. ಮಿಷನ್ ಕಾಲದಾಗ ಎಲ್ಲಿತ್ತು ಅದು? ಅವ್ವನ ಕಣ್ಣು ಯಂತ್ರ ಹಚ್ಚಿದ ಕಣ್ಣು ಅಂತ ಅಲ್ಲಿಗೆ ಖಾತ್ರಿ ಆತು.

ಹಂಗಾದ್ರ ಅಸಲಿ ಫೋಟೊದಾಗ ಆ ಕಣ್ಣು ಯಾಕ ಇದ್ದಿಲ್ಲ? ದಿಂಬು ನೋಡ್ದೆ. ದಿಂಬಿನ ಸುತ್ತ ನೆರಿಗಿ ಹಿಡದ ಝಾಲರ ಇತ್ತು, ಆದ್ರ ಅದು ದಿಂಬಿನ್ನ ಬಿಟ್ಟು ನೆಟ್ಟಗ ಕೆಳಗ ಓಡಿತ್ತು. ಫೋಟೊದ ಅಂಚಿಗೆ ಅರ್ಧ ಕತ್ತರಿಸಿದ ಒಂದು ಕೈ. ಆ ಕೈ ಟೊಪಗಿ ತಗದು ಎದಿಗೆ ಒತ್ತಿ ಹಿಡಕೊಂಡಿತ್ತು. ಬಾಣಂತಿ ನೋಡ್ಲಿಕ್ಕ ಬಂದವರು ಯಾರ್ರಿ ಹಂಗ ನಿಂದರ್ತಾರ?

ಇದು ನಮ್ಮ ಮಂದಿಗೇ ಗೊತ್ತಾಗೋ ಮಾತು. ನಮ್ಮಲ್ಲಿ ಹಿಂದ ಯಾರರೆ ತೀರಿಕೊಂಡ್ರ ಮಣ್ಣಿಗೆ ಒಯ್ಯೋಕಿಂತ ಮೊದಲ ಶವದ ಪೆಟ್ಟಿಗಿ ತೆರೆದಿಟ್ಟು, ಮನಿಮಂದಿ ಎಲ್ಲಾ ಸುತ್ತ ನಿಂತು ಒಂದು ಫೋಟೊ ತೆಗೆಸ್ತಿದ್ರು. ಭಾಳ ಮಂದಿಗೆ ಜೀವಮಾನದಾಗ ಅದೊಂದೇ ಫೋಟೊ. ನಮ್ಮ ಮನ್ಯಾಗೂ ನಮ್ಮಜ್ಜಂದು ಅಂಥಾದ್ದು ಅದ. ಪೆಟ್ಟಿಗಿ ಅಂಚಿಗೆ ಒಳಗಡೆ ಇಂಥಾದ್ದೇ ಝಾಲರ ಹಚ್ಚಿರ್ತಾರ. ಮಾರ್ಥಮ್ಮ ಎದಿಗೆ ಹಿಡಕೊಂಡು ತಿರಗ್ಲಿಕತ್ತಿದ್ದು ಅವರವ್ವನ ಮಣ್ಣಿನ ದಿನದ ಫೋಟೊ. ನಾ ಕಂಪ್ಯೂಟರ್ ಆಫ್ ಮಾಡಿದೆ.

ಆದ್ರ ಇದು ಅಂದಾಜು. ದಾರಿ ನೋಡಬೇಕಲ್ಲ. ಸ್ಯಾಮ್ಯುಯೆಲ್‌ರಿಗೆ ಫೋನ್ ಹಚ್ಚಿದ್ರ ಹಂಗಲ್ಲ ಹಿಂಗಲ್ಲ ಅಂತ ಮಾತು ನುಂಗಿದ್ರು. ಔರಾದ ಬಸ್ ಹತ್ತಿದೆ.

ಸ್ಯಾಮ್ಯುಯೆಲ್ ರಿಟೈರ್ಡ್ ಮಾಸ್ತರು, ಮಾರ್ಥಮ್ಮಕಿಂತ ಭಾಳ ಸಣ್ಣವರು. ಕುಂದರಿಸಿದ್ರು, ಚಾ ಕೊಟ್ರು, ಹವಾ ಮಾತಾಡಿದ್ರು, ತೊಗರಿ ಮಾತಾಡಿದ್ರು. ಕಡೀಕ ನಾನೇ, "ಮಾಸ್ತರ, ಅದು ಪೆಟ್ಟಿಗಿ ಫೋಟೊ ಹೌದಲ್ರಿ?" ಅಂದೆ. ಅವರು ಕಪ್ಪು ಕೆಳಗಿಟ್ರು. ಒಳಗ ಹೋಗಿ ಅಸಲಿ ಫೋಟೊ ತಂದು ನನ್ನ ಕೈಯಾಗಿಟ್ರು.

ಚರ್ಚಿನ ಅಂಗಳ, ಹಗಲಬೆಳಕು. ನಡು ಪೆಟ್ಟಿಗಿ. ಒಳಗ ಆ ಹೆಣಮಗಳು, ಕಣ್ಣು ಮುಚ್ಚಿದಾಳ. ಸುತ್ತ ಮಂದಿ. ಮಾರ್ಥಮ್ಮನ ಅಪ್ಪ ಬಾಗಿ ಕೂಸಿನ್ನ ಆಕಿ ಮಾರಿ ಬಲ್ಲಿ ಹಿಡದಾನ, ಕಡೀ ಸಲ ತೋರಸೋರ ಹಂಗ. ಹಳೇ ಗಾಜಿನ ಪ್ಲೇಟಿನ ಫೋಟೊ, ಒಂದೊಂದು ಎಳಿ ಎಣಿಸಬೇಕು ಹಂಗಿತ್ತು. ನನ್ನ ಕಣ್ಣು ಆ ಮುಚ್ಚಿದ ರೆಪ್ಪಿ ಬಿಟ್ಟು ಬ್ಯಾರೆ ಕಡಿ ಹೋಗ್ಲೇ ಇಲ್ಲ.

"ನಮ್ಮವ್ವ ತೀರಿಕೊಂಡ ಮ್ಯಾಲ ಆಕಿ ಟ್ರಂಕಿನಾಗ ಸಿಕ್ತು" ಅಂದ್ರು ಮಾಸ್ತರು. "ಅವ್ವನ್ನ ತಿಂದಾಕಿ ಅಂತ ಮಾರ್ಥಕ್ಕಗ ಅಂದಾಕಿ ನಮ್ಮವ್ವರಿ. ನಾ ಸಣ್ಣಾವ, ಕೇಳಕೋತ ಬೆಳೆದೆ. ಆಕಿ ಬಾಯಿ ಮುಚ್ಚಸ್ಲಿಕ್ಕ ನನ್ನ ಕೈಲೆ ಆಗಲಿಲ್ಲ. ಫೋಟೊ ಸಾಫ್ ಮಾಡಸ್ಲಿಕ್ಕ ಸ್ಟುಡಿಯೋಕ್ಕ ಒಯ್ದೆ. ಪೆಟ್ಟಿಗಿ ಕತ್ತರಸ್ತೇನಿ, ಕಣ್ಣು ಬೇಕಾದ್ರ ತೆರಸ್ತೇನಿ ಅಂದ ಅವ. ತೆರಸಪ್ಪಾ ಅಂದೆ. ಅಕ್ಕಗ ಒಂದೀಟು ಸಮಾಧಾನ ಆಗಲಿ ಅಂತ. ಇದ್ರಾಗ ಯಾರಿಗೇನು ನಷ್ಟರಿ? ನೀವು ಪೇಪರಿನಾಗ ಹಾಕಬ್ಯಾಡ್ರಿ, ಬರೋಬರ್. ಆದ್ರ ಆಕಿಗೆ ಹೇಳಬ್ಯಾಡ್ರಿ, ಕೈ ಮುಗೀತೇನಿ."

ಅಸಲಿ ಫೋಟೊ ಎರಡು ದಿನಕ್ಕ ಇಸಕೊಂಡು ಬಂದೆ.

ಸಾಹೇಬ್ರಿಗೆ ಎಲ್ಲಾ ಹೇಳ್ದೆ. ಇದು ಹಾಕೋದಿಲ್ಲ ಅಂತ ಸುಮ್ನ ಒಂದು ಮಾತು ಹೇಳಿ ಬಿಡೋಣೇನ್ರಿ ಅಂದೆ. "ಆಕಿ ಯಾಕ ಹಾಕೋದಿಲ್ಲ ಅಂತ ಕೇಳ್ತಾಳ, ಸರೋಜಾ. ಆವಾಗ ನೀ ಸುಳ್ಳು ಹೇಳಬೇಕಾಗ್ತದ. ಬ್ಯಾರೆಯವರ ಸುಳ್ಳು ಹಿಡಿದು ಹಿಡಿದು ಕಡೀಕ ನಿಂದೇ ಒಂದು ಚಾಲೂ ಮಾಡ್ತೀಯೇನು?" ಅಂದ್ರು. ನನಗ ಅವರ ಮ್ಯಾಲ ಸಿಟ್ಟು ಬಂತು. ಹೇಳೋ ಸಂಕಟ ಅವರಿಗಲ್ಲಲ್ಲ! ಆದ್ರ ಅವರ ಮಾತು ಖರೆ ಇತ್ತು. ಮರುದಿನ ಭಾಲ್ಕಿಗೆ ಹೋದೆ. ದಾರಿ ಪೂರ್ತಿ ಹೆಂಗ ಹೇಳಲಿ ಅಂತ ಮಾತು ಕಟ್ಟಕೋತ ಹೋದೆ, ಮನಿ ಬಾಗಲಾ ಬರೋದ್ರಾಗ ಒಂದೂ ನೆನಪಾಗಲಿಲ್ಲ.

ಕಟ್ಟು ಹಾಕಿದ ಫೋಟೊ ಗ್ವಾಡಿಗೆ ಏರಿತ್ತು. ಅದರ ಕೆಳಗೇ ಕುಂತು ಹೇಳ್ದೆ. ಕಣ್ಣು ಯಂತ್ರದ್ದು, ಅಸಲಿ ಇಲ್ಲಿ ಅದ ಅಂತ ಚೀಲದಾಗಿನ ಫೋಟೊ ಮ್ಯಾಲ ಕೈ ಇಟ್ಟೆ. ಸ್ಯಾಮ್ಯುಯೆಲ್ ಮಾಸ್ತರು ಪ್ರೀತಿಯಿಂದ ಮಾಡಿಸ್ಯಾರ ಅಂತನೂ ಹೇಳ್ದೆ. ಮಾರ್ಥಮ್ಮ ಕೇಳಕೋತ ಕೇಳಕೋತ ಸೆಟದು ಕುಂತ್ರು.

"ನಮ್ಮವ್ವನ ಕಣ್ಣು ಮುಚ್ಚಸ್ಲಿಕ್ಕ ಬೀದರದಿಂದ ಬಸ್ ಹತ್ತಿ ಬಂದೀಯೇನವಾ?"

ಈ ನೌಕರಿ ಯಾಕರೆ ಮಾಡಿದೆ ಅನಿಸಿದ್ದು ಅದೊಂದೇ ಸಲ. ಅವರು ಗ್ವಾಡಿ ಕಡಿ ಒಮ್ಮೆ ನೋಡಿದ್ರು, ಸೆರಗಿಲೆ ಮೂಗು ಒರಸಕೊಂಡ್ರು.

"ಕೊಡು ಇಲ್ಲಿ, ನೋಡ್ತೇನಿ" ಅಂದ್ರು.

ಫೋಟೊ ತಕ್ಕೊಂಡು ಬಾಗಲ ಬೆಳಕಿಗೆ ಹೋದ್ರು. ಚಷ್ಮಾ ಏರಿಸಿದ್ರು. ಅವ್ವನ ಮಾರಿ ಮ್ಯಾಲ ಕೈಬಟ್ಟು ಇಟ್ಟು ಭಾಳ ಹೊತ್ತು ನಿಂತ್ರು. ಆಮ್ಯಾಲ ಬಟ್ಟು ಸರೀತು. "ಇವ ನಮ್ಮಪ್ಪ. ಈಕಿ ನಮ್ಮತ್ತಿ, ಆವಾಗೂ ಗಂಟುಮಾರಿನೇ." ಬಟ್ಟು ಇನ್ನೊಂದೀಟು ಸರದು ನಿಂತು ಬಿಟ್ತು.

"ಇದು ಯಾರ ಕೂಸು?"

"ನೀವೇ ಅಲ್ರಿ" ಅಂದೆ.

"ನಾ ಹ್ಯಾಂಗಾಗ್ತೇನಿ? ನಾ ಆವತ್ತ ಹುಟ್ಟಿದಾಕಿ. ಇದು ಹಸಿಗೂಸಲ್ಲ. ನೋಡು, ಕತ್ತು ನಿಂತದ, ಅಪ್ಪನ ಕೈಮ್ಯಾಲ ನೆಟ್ಟಗ ಕುಂತದ. ಮಣಿಕಟ್ಟಿನಾಗ ಮಡಿಕಿ ನೋಡು, ಹಾಲು ಕುಡದು ಬೆಳದ ಕೂಸು. ಬಾಯಿ ತೆರದದ, ಕೆಳಗ ಎರಡು ಹಲ್ಲು ಬಂದಾವ. ಏಳೆಂಟು ತಿಂಗಳದ್ದು ಇದು, ನನಗ ಕಲಿಸ್ತೀಯೇನು?"

ಬಗ್ಗಿ ನೋಡ್ದೆ. ಖರೆನೇ. ನಕ್ಕ ಬಾಯಾಗ ಎರಡು ಬಿಳೀ ಹಲ್ಲು. ಅವ್ವನ ಕಣ್ಣು ತೆರೆಸಿದ ಯಂತ್ರ ಕೂಸಿನ ಬಾಯಿ ಮುಚ್ಚಿಸಿತ್ತು, ಮಾರಿ ನುಣ್ಣಗ ಮಾಡಿ ಹಸಿಗೂಸು ಮಾಡಿತ್ತು. ಕಣ್ಣು ಕಣ್ಣು ಅಂತ ನಾ ಕೂಸಿನ್ನ ನೋಡಿದ್ದೇ ಇಲ್ಲ. ಫೋಟೊದಿಂದ ತಲಿ ಎತ್ತಿ ಕೇಳ್ದೆ, "ನಿಮ್ಮವ್ವಗ ಬ್ಯಾರೆ ಮಕ್ಕಳಿದ್ರೇನ್ರಿ?"

"ನಾನೊಬ್ಬಾಕೇ" ಅಂದ್ರು, ದನಿ ಸಣ್ಣದಾಗಿತ್ತು.

ಅಷ್ಟಕ್ಕೇ ನಂಬೋ ಹೆಣಮಗಳಲ್ಲ ನಾ. ಅಲ್ಲೇ ನಿಂತು ಔರಾದಕ್ಕ ಫೋನ್ ಹಚ್ಚಿ, ಇಬ್ಬರಿಗೂ ಕೇಳೋ ಹಂಗ ಇಟ್ಟೆ. "ಮಾಸ್ತರ, ಆ ಕಾಲಕ್ಕ ನಿಮ್ಮನ್ಯಾಗ ಬ್ಯಾರೆ ಯಾವುದರೆ ಕೂಸಿತ್ತೇನ್ರಿ?"

"ಇಲ್ರಿ. ನಾ ಹುಟ್ಟಿದ್ದು ಎಷ್ಟೋ ವರ್ಷಕ್ಕ. ಅಲ್ಲೀತನಕ ನಮ್ಮವ್ವಗ ಮಕ್ಕಳೇ ಇದ್ದಿಲ್ಲ. ಮನ್ಯಾಗ ಮಾರ್ಥಕ್ಕ ಒಬ್ಬಾಕೇ ಕೂಸು. ಯಾಕ್ರಿ?"

ಆಮ್ಯಾಲ ಹೇಳ್ತೇನ್ರಿ ಅಂತ ಫೋನ್ ಇಟ್ಟೆ. ಬಾಣಂತ್ಯಾಗ ಹೋದ್ಳು ಅಂತ ಮಂದಿ ಸಸಾರ ಅಂದು ಬಿಡ್ತಾರ. ಹಡೆದು ಎದ್ದೇಳಲಾರದೆ ತಿಂಗಳುಗಟ್ಟಲೆ ಮಲಗಿ ಹೋದಾಕಿಗೂ ಅದೇ ಮಾತು. ಆ ಮಾತು ಅತ್ತಿ ಬಾಯಾಗ ಬರಬರ್ತ ಒಂದೇ ಘಳಿಗಿ ಆಗಿತ್ತು. ಖರೆ ಅಂದ್ರ ಏಳೆಂಟು ತಿಂಗಳು ಆ ಅವ್ವ ಕೂಸಿನ್ನ ಬಗಲಾಗ ಹಾಕ್ಕೊಂಡು ಹಾಲು ಕುಡಿಸಿದ್ಳು.

ಮಾರ್ಥಮ್ಮ ಹೊಚ್ಚಲ ಮ್ಯಾಲೇ ಕುಂತ್ರು. ನಾನೂ ಬಲ್ಲಿ ಕುಂತೆ. ಇಬ್ರೂ ಅತ್ವಿ, ನಾಚಿಕಿ ಏನದ ಹೇಳ್ಲಿಕ್ಕ. ಅತ್ತು ಮುಗಿಯೋದ್ರಾಗ ಅವರು ಮತ್ತ ಫೋಟೊಕ್ಕ ಬಗ್ಗಿದ್ರು.

"ಸರೋಜಾ, ಇದು ಕ್ಯಾಮೆರಾ ಕಡಿ ನೋಡಿ ನಗಲಿಕತ್ತಿಲ್ಲ. ಸುತ್ತ ಅಷ್ಟು ಮಂದಿ ಅದ, ಯಾರನ್ನೂ ನೋಡಲಿಕತ್ತಿಲ್ಲ. ಅವ್ವನ ಮಾರಿ ನೋಡಿ ನಗಲಿಕತ್ತದ. ಈ ವಯಸ್ಸಿನ ಕೂಸು ಗುರ್ತಿಲ್ಲದ ಮಾರಿಗೆ ಹಿಂಗ ನಗೂದಿಲ್ಲವಾ, ಚೀರ್ತದ. ಗುರ್ತು ಹಿಡದದ ಅದು."

ಎದ್ದು ಹೋಗಿ ಗ್ವಾಡಿ ಮ್ಯಾಲಿನ ಫೋಟೊ ಇಳಿಸಿದ್ರು. ಕಟ್ಟಿನ ಹಿಂದಿನ ಮೊಳಿ ಬಿಚ್ಚಿ, ಅದನ್ನ ತಗದು, ಅಸಲಿ ಫೋಟೊ ಅಳತಿ ಹಿಡದು ನೋಡಿದ್ರು. ಸಣ್ಣದಾತು ಅಂದ್ರು.

"ಇದನ್ನ ಹಾಕ್ರಿ ಪೇಪರಿನಾಗ. ಪೆಟ್ಟಿಗಿ ಕಾಣಲಿ, ಕತ್ತರಸಬ್ಯಾಡ್ರಿ."

"ಕೆಳಗ ಏನಂತ ಬರೀಲ್ರಿ?"

ಅವರು ಚಷ್ಮಾ ತಗದು ಒರಸಿ, ಮತ್ತ ಹಾಕ್ಕೊಂಡು, ವಾರ್ಡ್‌ನಾಗಿನ ಆ ದನೀಲೆ ಹೇಳಿದ್ರು.

"ನಾ ನಮ್ಮವ್ವನ್ನ ನೋಡೀನಿ ಅಂತ ಬರಿ."